ಕೊಡಲಿ ಯಾರ ಕೈಯಲ್ಲಿದೆ?

1983ರ ಸೆಪ್ಟೆಂಬರ್ 8ರಂದು ಶಿರಸಿ ಸಮೀಪದ ಸಾಲ್ಕಣಿಯ ಜನ ಕಳಸೆ ಕಾಡಿಗೆ ನಡೆದು ಹೋಗಿ ಮರಗಳನ್ನು ತಬ್ಬಿ ನಿಂತರು. ಕಡಿಯಲು ಬಂದವರು ಕೆಲಸ ನಿಲ್ಲಿಸಿದರು. ಹಿಮಾಲಯದ ಚಿಪ್ಕೊ ಚಳವಳಿಯಿಂದ ಪ್ರೇರಣೆ ಪಡೆದ ಅಪ್ಪಿಕೋ ಶುರುವಾದದ್ದು ಹೀಗೆ.

ಯಾರಿಗೂ ಏಟು ಬೀಳಲಿಲ್ಲ, ಆದ್ದರಿಂದ ಇದು ಅಹಿಂಸೆ ಎಂದು ನಾವು ಸುಲಭವಾಗಿ ಹೇಳುತ್ತೇವೆ. ಆದರೆ ಕೊಡಲಿ ಹಿಡಿದು ಬಂದವನು ಕೂಲಿಯಾಳು. ಅವನ ಅಂದಿನ ದುಡಿಮೆಗೆ ಅಡ್ಡ ಬರುವುದು ಹಿಂಸೆಯಲ್ಲವೇ?

ನನಗೆ ತೋಚುವ ಉತ್ತರ ಇದು. ಕೊಡಲಿ ಕಿತ್ತುಕೊಂಡರೆ ಅವನ ಪರವಾಗಿ ನಾವೇ ತೀರ್ಮಾನ ಮಾಡಿದಂತೆ. ಮರ ತಬ್ಬಿ ನಿಂತವರು ಅಪಾಯವನ್ನು ತಮ್ಮ ಮೈಮೇಲೆ ಎಳೆದುಕೊಂಡು, ತೀರ್ಮಾನವನ್ನು ಅವನಿಗೇ ಬಿಟ್ಟರು. ಎದುರಿಗಿರುವವನಿಗೂ ಮನಸ್ಸಾಕ್ಷಿ ಇದೆ ಎಂಬ ನಂಬಿಕೆಯೇ ಇದರ ಬಲ. ಹಾಗಂತ ಅವನ ಹೊಟ್ಟೆಪಾಡಿನ ಪ್ರಶ್ನೆ ಮುಗಿಯುವುದಿಲ್ಲ. 'ಉಳಿಸು, ಬೆಳೆಸು, ಬಳಸು' ಎಂಬ ಅಪ್ಪಿಕೋ ಘೋಷಣೆಯಲ್ಲಿ ಮೂರನೆಯ ಮಾತು ಇರುವುದು ಅದಕ್ಕೇ. ಕಾಡನ್ನು ಯಾರೂ ಮುಟ್ಟಬಾರದು ಎಂದು ಆ ಚಳವಳಿ ಹೇಳಲಿಲ್ಲ.

ಈಗಿನ ಕಷ್ಟ ಬೇರೆ. ನಾನಿರುವ ನಾಗಪುರದಲ್ಲಿ ಸಾರಿಗೆ ನಿಲ್ದಾಣದ ಯೋಜನೆಗಾಗಿ ಅಜನಿಯ ಹಳೆಯ ಮರಗಳಿಗೆ ಕುತ್ತು ಬಂದಾಗ, ಜನ ಅದನ್ನು 'ಅಜನಿ ವನ' ಎಂದು ಕರೆದು ಶಾಂತವಾಗಿ ಪ್ರತಿಭಟಿಸಿದರು. ಮರ ತಬ್ಬಬಹುದಿತ್ತು, ಸರಿ. ಆದರೆ ಕೊಡಲಿ ಯಾರ ಕೈಯಲ್ಲಿತ್ತು? ಪ್ರಾಜೆಕ್ಟ್ ಮ್ಯಾನೇಜರ್ ಕೆಲಸದಲ್ಲಿ ನಾನು ದಿನವೂ ನೋಡುವುದು ಇದನ್ನೇ: ಒಂದು ಅನುಮೋದನೆಗೆ ಹತ್ತು ಸಹಿ, ಪ್ರತಿ ಸಹಿಯ ಹಿಂದೆಯೂ 'ನನ್ನದು ಇಷ್ಟೇ ಪಾಲು' ಎಂಬ ಸಮಾಧಾನ. ಕಡಿದ ಮರಕ್ಕೆ ಬದಲಾಗಿ ಇಷ್ಟು ಸಸಿ ಎಂದು ಲೆಕ್ಕ ಬರೆದರೆ ಕಡತ ಮುಚ್ಚುತ್ತದೆ. ನೂರು ವರ್ಷದ ಮರಕ್ಕೆ ನೂರು ಸಸಿ ಸಮವೇ ಎಂದು ಕೇಳಲು ಎದುರಿಗೆ ಯಾರೂ ನಿಂತಿರುವುದಿಲ್ಲ.

ಹಾಗಾಗಿ ಅಹಿಂಸೆಗೆ ಇಂದು ಇನ್ನೊಂದು ಕೆಲಸ ಸೇರಿದೆ: ತೀರ್ಮಾನ ಮಾಡುವವರನ್ನು ಜನರ ಎದುರಿಗೆ ಕರೆತರುವುದು. ವಿದರ್ಭದಲ್ಲೇ ಇರುವ ಗಡಚಿರೋಲಿಯ ಮೇಂಢಾ ಲೇಖಾ ಗ್ರಾಮ, 2006ರ ಅರಣ್ಯ ಹಕ್ಕು ಕಾಯ್ದೆಯಡಿ ತನ್ನ ಕಾಡಿನ ಮೇಲೆ ಸಾಮುದಾಯಿಕ ಹಕ್ಕು ಪಡೆಯಿತು. ಬಿದಿರು ಕಡಿಯುವುದನ್ನೂ ಬಿಡುವುದನ್ನೂ ಅಲ್ಲಿ ಗ್ರಾಮಸಭೆ ಒಮ್ಮತದಿಂದ ನಿರ್ಧರಿಸುತ್ತದೆ. ಅಲ್ಲಿ ತಪ್ಪಾದರೆ ಯಾರನ್ನು ಕೇಳಬೇಕೆಂದು ಎಲ್ಲರಿಗೂ ಗೊತ್ತು.

ನಗರದ ನಾವು ಬಹುತೇಕರು ಮರ ತಬ್ಬುವ ಜಾಗದಲ್ಲಿಲ್ಲ, ಸಹಿ ಹಾಕುವ ಜಾಗದಲ್ಲಿದ್ದೇವೆ. ಕಳಸೆಯ ಕೂಲಿಯಾಳಿಗೆ ಇದ್ದ ಆಯ್ಕೆ ನಮಗೂ ಇದೆ. ಅವನಿಗಿಂತ ನಮಗೆ ಕಳೆದುಕೊಳ್ಳುವುದು ಕಡಿಮೆ.