ಸಾಕು ಎಂಬ ಸಂಪತ್ತು



ನವರಾತ್ರಿಯಲ್ಲಿ ಮಹಾಲಕ್ಷ್ಮಿಯನ್ನು ಕಲಶದಲ್ಲಿ ಆವಾಹಿಸಿ ಅರ್ಚಿಸುತ್ತೇವೆ. ಆ ತಾಯಿ ಎಷ್ಟು ಬೆವರಿನ ಫಲವಾಗಿ ನಮ್ಮ ಮನೆಗೆ ಬರುತ್ತಾಳೆಂಬುದನ್ನು ನಮ್ಮ ಮಕ್ಕಳು ಬಲ್ಲರೇ?

ಆಯ್ದಕ್ಕಿ ಮಾರಯ್ಯ ಮತ್ತು ಲಕ್ಕಮ್ಮ ದಂಪತಿಗಳನ್ನು ಸ್ಮರಿಸೋಣ. 12ನೆಯ ಶತಮಾನದಲ್ಲಿ ರಾಯಚೂರು ಸೀಮೆಯ ಅಮರೇಶ್ವರದಿಂದ ಕಲ್ಯಾಣಕ್ಕೆ ಬಂದವರು. ನಮ್ಮಂತೆಯೇ ಹುಟ್ಟೂರನ್ನು ಬಿಟ್ಟು ಮಹಾನಗರ ಸೇರಿದವರು. ಬಸವಣ್ಣನವರ ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತರುವುದು ಮಾರಯ್ಯನವರ ಕಾಯಕ, ಅದರಿಂದಲೇ ದಾಸೋಹ. ಒಂದು ದಿನ ಅವರು ಎಂದಿಗಿಂತ ಹೆಚ್ಚು ಅಕ್ಕಿ ತಂದಾಗ ಲಕ್ಕಮ್ಮನವರು ಹಿಗ್ಗಲಿಲ್ಲ. ಅಗತ್ಯಕ್ಕೆ ಮೀರಿದುದನ್ನು ಅಲ್ಲಿಯೇ ಸುರಿದು ಬರಬೇಕೆಂದರು ಎಂದು ಶರಣಪರಂಪರೆ ಹೇಳುತ್ತದೆ. ಅಕ್ಕಿಯೊಡನೆ ಆಸೆಯನ್ನೂ ಅಳೆಯಬಲ್ಲ ಗೃಹಿಣಿ ಆಕೆ. ನಾಳೆಗಾಗಿ ಕೂಡಿಡುವುದು ಗೃಹಸ್ಥಧರ್ಮವೇ ಸರಿ. ಆದರೆ ಎಷ್ಟು ಸಾಕೆಂಬುದನ್ನು ಅರಿಯದವನಿಗೆ ಎಷ್ಟು ಕೂಡಿಟ್ಟರೂ ನೆಮ್ಮದಿಯಿಲ್ಲ.

ಹಿಂದೆ ತಂದೆಯಾದವನು ಸಂಬಳದ ಲಕೋಟೆಯನ್ನು ದೇವರ ಮುಂದಿಟ್ಟು, ಬಾಡಿಗೆಗೆ ಇಷ್ಟು, ಹಾಲಿಗೆ ಇಷ್ಟು, ಊರಿನ ಹಿರಿಯರಿಗೆ ಇಷ್ಟು ಎಂದು ಪಾಲು ಮಾಡುವುದನ್ನು ಮಕ್ಕಳು ಕಾಣುತ್ತಿದ್ದರು. ಇಂದು ಹಣವೇ ಕಣ್ಣಿಗೆ ಬೀಳುವುದಿಲ್ಲ. ಮೊಬೈಲನ್ನು ತೋರಿಸಿದರೆ ಬೇಕಾದುದು ಕೈಸೇರುತ್ತದೆ. 10 ವರ್ಷ ತುಂಬಿದ ಮಕ್ಕಳು ತಾವೇ ಉಳಿತಾಯ ಖಾತೆ ತೆರೆದು ನಡೆಸಲು ಬ್ಯಾಂಕುಗಳು ಅವಕಾಶ ಕೊಡಬಹುದೆಂದು 2025ರಲ್ಲಿ ರಿಸರ್ವ್ ಬ್ಯಾಂಕು ತಿಳಿಸಿದೆ. ಖಾತೆಯನ್ನು ಬ್ಯಾಂಕು ಕೊಟ್ಟೀತು; ‘ಸಾಕು’ ಎನ್ನುವ ವಿವೇಕವನ್ನು ಮನೆಯೇ ಕೊಡಬೇಕು.

ನಾವು ಪಟ್ಟ ಕಷ್ಟ ಮಕ್ಕಳಿಗೆ ಬೇಡವೆಂಬ ವಾತ್ಸಲ್ಯದಿಂದ ಮನೆಯ ಕೊರತೆಯನ್ನು ಅವರಿಂದ ಮರೆಮಾಚುತ್ತೇವೆ. ಕೊರತೆಯನ್ನೇ ಅರಿಯದೆ ಬೆಳೆದ ಮಗು, ಕೇಳಿದ್ದು ದೊರೆಯದ ದಿನ ತಂದೆತಾಯಿಯರ ಪ್ರೀತಿಯನ್ನೇ ಶಂಕಿಸುತ್ತದೆ. ಇದಕ್ಕಿಂತ ದೊಡ್ಡ ದಾರಿದ್ರ್ಯ ಉಂಟೇ?

ಬೊಂಬೆ ಕೂರಿಸುವ ಮನೆಗಳಲ್ಲಿ ಶೆಟ್ಟಿ ದಂಪತಿಗಳ ಮುಂದೆ ಪುಟ್ಟ ದಿನಸಿ ಅಂಗಡಿಯನ್ನು ಹೂಡುತ್ತೇವೆ. ಅದಕ್ಕೆ ಬೇಕಾದ ಅಕ್ಕಿ ಬೇಳೆಗಳನ್ನು ಈ ಬಾರಿ ಮಕ್ಕಳೇ ತರಲಿ. ಕೈಗೆ ನೋಟನ್ನೇ ಕೊಡಿ. ಬೆಲೆ ಕೇಳಲಿ, ಚಿಲ್ಲರೆ ಎಣಿಸಲಿ, ಲೆಕ್ಕ ಬರೆಯಲಿ. ತಪ್ಪಿದರೆ ಗದರಬೇಡಿ, ಮರುದಿನ ಮತ್ತೆ ಕಳುಹಿಸಿ. ಉಳಿದುದರಲ್ಲಿ ಒಂದು ಪಾಲನ್ನು ಇಲ್ಲದವರಿಗೆ ತಮ್ಮ ಕೈಯಾರೆ ಕೊಡಲಿ. ಆಯುಧಪೂಜೆಯಂದು ಆ ಲೆಕ್ಕದ ಪುಸ್ತಕಕ್ಕೂ ಅರಿಶಿನ ಕುಂಕುಮ ಸಲ್ಲಲಿ.

ಜಗನ್ಮಾತೆಯು ನಮ್ಮ ಮಕ್ಕಳ ಕೈಗೆ ಧನವನ್ನೂ ಮನಸ್ಸಿಗೆ ಲಕ್ಕಮ್ಮನವರ ತೃಪ್ತಿಯನ್ನೂ ಕರುಣಿಸಲಿ.