ಲಿಂಗಗಳು ಎದ್ದುಹೋದ ಊರು



ಕೆಂಭಾವಿ ನಮಗೇನೂ ದೂರದ ಊರಲ್ಲ. ಅಲ್ಲಿಯ ಶರಣ ಭೋಗಯ್ಯ ಅಂತ್ಯಜನ ವೇಷದಲ್ಲಿ ಬಂದ ಶಿವನನ್ನು ಮನೆಯೊಳಗೆ ಕರೆದು ಉಣ್ಣಿಸಿದ. ದೂರು ಹೋಯಿತು, ಊರು ಬಿಡಿಸಿದರು. ಅವನು ಹೊರಟಾಗ ಗುಡಿಗಳ ಲಿಂಗಗಳೆಲ್ಲ ಎದ್ದು ಅವನ ಬೆನ್ನು ಹತ್ತಿದವಂತೆ. ಇದನ್ನು ಜಾತಿಯ ಕಥೆಯೆಂದು ಹೇಳುತ್ತೇವೆ, ಸರಿಯೇ. ನನಗೆ ಇವತ್ತು ಬೇಕಾದದ್ದು ಆ ಬೆನ್ನು ಹತ್ತಿದ ಮಾತು.

ಈಗ ಯಾರೂ ಡಂಗುರ ಹೊಡೆದು ಊರು ಬಿಡಿಸುವುದಿಲ್ಲ. ಸುಗ್ಗಿ ಮುಗಿಯುತ್ತದೆ, ಸಾಲ ಉಳಿಯುತ್ತದೆ, ಗಂಟು ಕಟ್ಟುತ್ತಾರೆ. ನಾರಾಯಣಪುರದ ಬಸವಸಾಗರದಿಂದ ಎಡದಂಡೆ ಕಾಲುವೆ ಬಂತು. ಆ ಕೃಷ್ಣಾ ಯೋಜನೆಯ ಕಚೇರಿ, ಕಾಲೊನಿಗಳಿಂದಲೇ ನಮ್ಮ ಭೀಮರಾಯನಗುಡಿ ಬೆಳೆಯಿತು. ನೀರು ಮುಟ್ಟಿದ ಹೊಲದಲ್ಲಿ ಭತ್ತ ಬಂತು. ನೀರು ಮುಟ್ಟದವರಿಗೆ, ಹೊಲವೇ ಇಲ್ಲದವರಿಗೆ, ತಾಂಡಾದವರಿಗೆ ಬೆಂಗಳೂರು, ಪುಣೆ, ಮುಂಬೈ. 2005ರ ಉದ್ಯೋಗ ಖಾತ್ರಿ ಕಾಯ್ದೆ ವರ್ಷಕ್ಕೆ 100 ದಿನದ ಕೆಲಸದ ಮಾತು ಕೊಟ್ಟಿತು. ರಾತ್ರಿಯ ಬೆಂಗಳೂರು ಬಸ್ಸು ಮಾತ್ರ ಇನ್ನೂ ತುಂಬಿಯೇ ಹೊರಡುತ್ತದೆ.

“ಎಲ್ಲಿ ಹೋಗ್ಯಾರ?” “ದುಡಿಯಾಕ ಹೋಗ್ಯಾರ್ರೀ.” ಅಲ್ಲಿಗೆ ಮಾತು ಮುಗಿಯಿತು. ಬರ ಬಿದ್ದರೆ ಪತ್ರಿಕೆ ಬರೆಯುತ್ತದೆ. ವರ್ಷವರ್ಷ ನಡೆಯುವ ಗುಳೆಗೆ ಯಾರೂ ಬೆಚ್ಚುವುದಿಲ್ಲ.

ಹಿಂದೆ ಉಳಿದವರು ಮುತ್ಯಾ, ಆಯಿ, ಮೊಮ್ಮಕ್ಕಳು. ಹಿರಿ ಹುಡುಗಿಯ ಹೆಸರು ಶಾಲೆಯ ಹಾಜರಿಯಲ್ಲಿದೆ. ಹುಡುಗಿ ಹತ್ತಿ ಬಿಡಿಸುತ್ತಾಳೆ, ರೊಟ್ಟಿ ಬಡಿಯುತ್ತಾಳೆ, ತಮ್ಮನನ್ನು ಕಾಯುತ್ತಾಳೆ. ಅವಳನ್ನು ಕಾಯುವವರು? ಆಯಿಗೆ ಕಣ್ಣು ಮಂದ. “ವಯಸ್ಸಿಗೆ ಬಂದ ಹುಡುಗೀನ ಬಿಟ್ಟು ಹೆಂಗ ಹೋಗೂದು” ಎಂದು ಹೆದರಿ, 18 ತುಂಬುವ ಮೊದಲೇ ಅಕ್ಕಿಕಾಳು ಹಾಕಿಸುವ ತಂದೆತಾಯಿಯನ್ನು ಬೈಯುವುದು ಸುಲಭ. ತಾಯಂದಿರೇ, ಆ ಮದುವೆಯ ಊಟ ನಾವೂ ಉಂಡಿದ್ದೇವೆ. ಅವರು ಹೋದಾಗ ಮಗಳು ನಮ್ಮ ಮನೆಯಲ್ಲಿರಲಿ ಎಂದು ನಮ್ಮಲ್ಲಿ ಒಬ್ಬರೂ ಹೇಳಲಿಲ್ಲ.

ಜಾತ್ರೆಯ ಪಟ್ಟಿ ಬರೆಯುವಾಗ ಬೆಂಗಳೂರಿನವರಿಗೆ ತಪ್ಪದೆ ಫೋನು ಹಚ್ಚುತ್ತೇವೆ. ಅವರ ಆಯಿಯ ಒಲೆ ಹೊತ್ತಿತೇ ಎಂದು ಕೇಳಲು ಪಕ್ಕದ ಓಣಿಗೆ ಹೋಗುವುದಿಲ್ಲ. ಈ ತಪ್ಪು ನನ್ನದೂ. ತೇರಿಗೆ ಹೊಸ ಕಳಸ ಬೇಕೆಂದು ಹೋದ ವರ್ಷ ಇದೇ ಬಾಯಿಂದ ಕೇಳಿದ್ದೆ. ಗುಡಿಯ ಲಿಂಗ ಆಗಲೇ ದುಡಿಯಲು ಹೋದವರ ಬೆನ್ನು ಹತ್ತಿ, ತಗಡಿನ ಶೆಡ್ಡು ಸೇರಿ, ಇಟ್ಟಿಗೆ ಹೊರುವವರ ಪಕ್ಕದಲ್ಲಿ ಮಲಗಿತ್ತೋ ಏನೋ.

ಪ್ರಸಾದಕ್ಕೆ ಏಳುವ ಮೊದಲು ಹೇಳಿ: ನಿಮ್ಮ ಓಣಿಯಲ್ಲಿ ಬೀಗ ಬಿದ್ದ ಮನೆ ಎಷ್ಟು? ಬೀಗವಿಲ್ಲದೆ ಮುದುಕರನ್ನೇ ಬಿಟ್ಟುಹೋದ ಮನೆ ಎಷ್ಟು? ಬುತ್ತಿ ಕಟ್ಟಿಸಿ ಇಟ್ಟಿದ್ದೇನೆ. ಮನೆ ಗೊತ್ತಿದ್ದವರು ಮುಂದೆ ಬನ್ನಿ.