ನಾದವನ್ನು ಹಿಡಿದಿಡಬಹುದೆ?

ಕಛೇರಿಗಳ ಫೋಟೊ, ವಿಡಿಯೊ ತೆಗೆಯುವುದು ನನ್ನ ಕಸುಬು. "ನೀವಿದ್ದೀರಂತ ಇದೆಲ್ಲ ಉಳೀತು ಸಾರ್" ಎಂದು ಸಂಘಟಕರು ಪ್ರೀತಿಯಿಂದ ಹೇಳುತ್ತಾರೆ. ಏನು ಉಳಿಯಿತು ಎಂಬುದೇ ನನ್ನನ್ನು ಕಾಡುವ ಪ್ರಶ್ನೆ.

ನಮ್ಮ ದರ್ಶನಕಾರರು ಇದನ್ನು ಬಹಳ ಹಿಂದೆಯೇ ಚರ್ಚಿಸಿದ್ದಾರೆ. ಶಬ್ದ ನಿತ್ಯ, ಉಚ್ಚಾರಣೆ ಅದನ್ನು ಬರೀ ಪ್ರಕಟಗೊಳಿಸುತ್ತದೆ, 'ಇದು ಅದೇ' ಎಂದು ನಾವು ಗುರುತು ಹಿಡಿಯುವುದೇ ಸಾಕ್ಷಿ ಎಂದರು ಮೀಮಾಂಸಕರು. ಹುಟ್ಟಿದ ಶಬ್ದ ಅಳಿಯಲೇಬೇಕು, ಅದು ಅನಿತ್ಯ ಎಂದರು ನೈಯಾಯಿಕರು. ಮೀಮಾಂಸಕರಿಗಿದ್ದದ್ದು ವೇದದ ಚಿಂತೆ, ನನಗಿರುವುದು ತೋಡಿ ರಾಗದ್ದು.

ಗಾಯಕಿ ಗೋಹರ್ ಜಾನ್ 1902ರಲ್ಲಿ ಕಲ್ಕತ್ತೆಯಲ್ಲಿ ಗ್ರಾಮಫೋನಿಗೆ ಹಾಡಿದರು. ರಾಗವನ್ನು ಮೂರು ನಿಮಿಷದ ಆಸುಪಾಸಿಗೆ ಇಳಿಸಿ, ಕೊನೆಯಲ್ಲಿ ತಮ್ಮ ಹೆಸರು ಹೇಳುತ್ತಿದ್ದರು. ಅವರು 1930ರಲ್ಲಿ ಮೈಸೂರಿನಲ್ಲಿ ತೀರಿಕೊಂಡರು. ಆ ದನಿ ಕೇಳಿದಾಗಲೆಲ್ಲ ಮೀಮಾಂಸಕರೇ ಸರಿ ಅನ್ನಿಸುತ್ತದೆ. ಆದರೆ ಅಲ್ಲಿ ಕಂಪಿಸುತ್ತಿರುವುದು ನನ್ನ ಕೋಣೆಯ ಗಾಳಿ. ಆ ಶಬ್ದ ಈಗ ಹುಟ್ಟಿ ಈಗಲೇ ಸಾಯುತ್ತಿದೆ.

ನನ್ನ ಕ್ಯಾಮರಾ ಕೂಡ ಅದನ್ನೇ ಹೇಳುತ್ತದೆ. ನಾನು ಸಾಮಾನ್ಯವಾಗಿ ಸೆಕೆಂಡಿಗೆ 25 ಫ್ರೇಮು, ಶಟರ್ 1/50 ಇಡುತ್ತೇನೆ. ಅಂದರೆ ಅರ್ಧ ಹೊತ್ತು ಅದು ಏನನ್ನೂ ನೋಡುತ್ತಿರುವುದಿಲ್ಲ. ಮೃದಂಗದ ಮೇಲಿನ ಬೆರಳು ಆ ಕತ್ತಲಲ್ಲೂ ಆಡುತ್ತದೆ. ಮಿಕ್ಸರಿನಿಂದ ಬಂದ ದನಿಯಲ್ಲಿ ಗಾಯಕಿಯ ಉಸಿರು ಕೂಡ ಸ್ಪಷ್ಟ; ತಾರಷಡ್ಜದಲ್ಲಿ ಅವರು ನಿಂತಾಗ ಸಭೆಯಿಂದ ಎದ್ದ 'ಆಹಾ' ಮಾತ್ರ ಎಲ್ಲೋ ದೂರದಲ್ಲಿದೆ.

ತ್ಯಾಗರಾಜರ ಆರಾಧನೆಯ ದಿನವಾದ ಪುಷ್ಯ ಬಹುಳ ಪಂಚಮಿಯಂದು ತಿರುವೈಯಾರಿನಲ್ಲಿ ವಿದ್ವಾಂಸರೆಲ್ಲ ಸಾಲಾಗಿ ಕೂತು ಅವರ ಪಂಚರತ್ನ ಕೃತಿಗಳನ್ನು ಹಾಡುತ್ತಾರೆ: ನಾಟ, ಗೌಳ, ಆರಭಿ, ವರಾಳಿ, ಶ್ರೀ ರಾಗಗಳಲ್ಲಿ. ಅತ್ತ ತ್ಯಾಗರಾಜರ ಸಮಾಧಿಯಲ್ಲಿ ಅಭಿಷೇಕ ನಡೆದಿರುತ್ತದೆ. ಲೆನ್ಸಿನಲ್ಲಿ ಹಾಡುವವರ ಮುಖಗಳನ್ನು ಹತ್ತಿರದಿಂದ ನೋಡುತ್ತೇನಲ್ಲ, ಅಲ್ಲಿ ಉಳಿಸಿಕೊಳ್ಳುವ ಆಸೆಯೇ ಕಾಣುವುದಿಲ್ಲ. ಹಾಡು ಅಲ್ಲಿ ಸೇವೆ. ಅಭಿಷೇಕದ ಹಾಲಿನ ಹಾಗೆ ಅದು ಸುರಿದು ಹೋಗಬೇಕಾದದ್ದೇ. ಅಳಿಯದ ವಸ್ತುವನ್ನು ಹೀಗೆ ಪೂರ್ತಿಯಾಗಿ ಅರ್ಪಿಸಲು ಬರುತ್ತದೆಯೆ? ಬರುವುದಿಲ್ಲವೆಂದೇ ನನ್ನ ನಂಬಿಕೆ. ಹಾಗಾಗಿ ನಾನು ನೈಯಾಯಿಕರ ಪಕ್ಷ.

ಹಾಗಿದ್ದರೆ ಚಿತ್ರ ಯಾಕೆ ತೆಗೆಯಬೇಕು? ನಾದ ಉಳಿಯದಿದ್ದರೂ ಅದಕ್ಕೆ ಮನುಷ್ಯರು ತಲೆಬಾಗಿದ ಬಗೆ ಉಳಿಯುತ್ತದೆ. ತಂಬೂರಿ ಮೀಟುತ್ತಾ ಗುರುವಿನ ಬೆನ್ನನ್ನೇ ನೋಡುವ ಶಿಷ್ಯೆ, ಹಿಂದಿನ ಸಾಲಿನಲ್ಲಿ ತಪ್ಪದೆ ತಾಳ ಹಾಕುವ ಅಜ್ಜ, ಇವರೇ ನನ್ನ ನಿಜವಾದ ವಿಷಯ. ಮುಂದೆ ಹಾಡುವವರು ಇವರನ್ನು ನೋಡಿ ಕಲಿಯಬೇಕು.

ಕೇಳುಗರಲ್ಲಿ ಒಂದು ಬೇಡಿಕೆ. ಆಲಾಪನೆ ನಡೆಯುವಾಗ ದಯವಿಟ್ಟು ಮೊಬೈಲನ್ನು ಕೆಳಗಿಡಿ. ಚಿತ್ರದ ಹೊಣೆ ನನಗಿರಲಿ, ನೀವು ಸುಮ್ಮನೆ ಕೂತು ಕೇಳಿ.